ಮಾತಿಲ್ಲದ ಪ್ರಹಸನ: ಶಾನ್ ಎಂಬ ಕುರಿಯ ಕಥಾಮಾಲೆ

ಉಪಕಥೆಯು ತನ್ನ ಮೂಲಕಥೆಯನ್ನು ಮೀರಿ ಬೆಳೆಯುವುದು ನಮ್ಮ ಸಾಹಿತ್ಯಕ್ಕೆ ಹೊಸತೇನೂ ಅಲ್ಲ. ಮಹಾಭಾರತದ ಆದಿಪರ್ವದಲ್ಲಿ ಶಕುಂತಲೆಯ ವೃತ್ತಾಂತವು ವಂಶದ ಕಥನದ ನಡುವೆ ಬಂದುಹೋಗುವ ಒಂದು ಆಖ್ಯಾನ ಮಾತ್ರ. ಅಲ್ಲಿ ದೂರ್ವಾಸರ ಶಾಪವಿಲ್ಲ, ಕಳೆದುಹೋಗುವ ಉಂಗುರವೂ ಇಲ್ಲ. ಕಾಳಿದಾಸನು ಅದನ್ನು ಎತ್ತಿಕೊಂಡು ತನ್ನ ನಾಟಕವನ್ನು ಕಟ್ಟಿದ ಮೇಲೆ, ಶಕುಂತಲೆಯೆಂದರೆ ನಮಗೆ ನೆನಪಾಗುವುದು ನಾಟಕದ ಶಕುಂತಲೆಯೇ ಹೊರತು ಭಾರತದ ಶಕುಂತಲೆಯಲ್ಲ. ಜೂಜಿನಲ್ಲಿ ಸೋತು ಕಾಡಿನಲ್ಲಿದ್ದ ಧರ್ಮರಾಯನ ಸಮಾಧಾನಕ್ಕೆಂದು ಬೃಹದಶ್ವ ಮುನಿಯು ಹೇಳಿದ ನಳನ ಕಥೆಯು ಕನಕದಾಸರ ನಳಚರಿತ್ರೆಯಲ್ಲಿ ಸ್ವತಂತ್ರ ಕಾವ್ಯವೇ ಆಯಿತು. ಆ ಕಾವ್ಯವನ್ನು ಓದುವಾಗ ಧರ್ಮರಾಯನ ದುಃಖವು ನಮಗೆ ನೆನಪಿಗೂ ಬರುವುದಿಲ್ಲ. ಉಪಕಥೆ ಬೆಳೆಯಿತೆನ್ನುವುದು ಅದರ ಪುಟಗಳ ಸಂಖ್ಯೆ ಹೆಚ್ಚಿದುದರಿಂದಲ್ಲ. ಮೂಲದ ಊರುಗೋಲನ್ನು ಬಿಟ್ಟು, ತನ್ನದೇ ನಿಯಮದಿಂದ ನಡೆಯಲು ಕಲಿತುದರಿಂದ.

ಈ ದೃಷ್ಟಿಯಿಂದ ನೋಡತಕ್ಕ ಒಂದು ಕೃತಿ ನಮ್ಮ ಕಾಲದ ಮಕ್ಕಳ ಮುಂದೆ ಇದೆ. ಅದು ಗ್ರಂಥವಲ್ಲ, ಬೊಂಬೆಗಳಿಂದ ಮಾಡಿದ ಒಂದು ಹಾಸ್ಯ ಕಥಾಮಾಲೆ; ಹೆಸರು 'ಶಾನ್ ದ ಶೀಪ್'. ಮಕ್ಕಳ ಕಾರ್ಟೂನಿಗೆ ವಿಮರ್ಶೆಯ ಗೌರವವೇಕೆ ಎಂದು ಕೆಲವು ಹಿರಿಯ ವಾಚಕರು ಕೇಳಬಹುದು. ನಮ್ಮ ವಿದ್ಯಾರ್ಥಿಗಳು ವಾರದಲ್ಲಿ ಪದ್ಯಪಾಠಕ್ಕೆ ಕೊಡುವ ಸಮಯಕ್ಕಿಂತ ಹೆಚ್ಚಿನ ಸಮಯವನ್ನು ಇಂತಹ ಚಿತ್ರಗಳಿಗೆ ಕೊಡುತ್ತಾರೆ. ಅವುಗಳಲ್ಲಿ ಒಳ್ಳೆಯದಾವುದು, ಹೊಲ್ಲದಾವುದು ಎಂಬುದನ್ನು ತೂಗಿ ನೋಡುವ ಕೆಲಸವನ್ನು ಉಪಾಧ್ಯಾಯರಾದ ನಾವು ಮಾಡದಿದ್ದರೆ ಜಾಹೀರಾತುಗಾರರು ಮಾಡುತ್ತಾರೆ.

ಮೊದಲು ಮೂಲದ ವಿಚಾರ. ಇಂಗ್ಲೆಂಡಿನ ಬ್ರಿಸ್ಟಲ್ ನಗರದಲ್ಲಿ ಆರ್ಡ್‌ಮನ್ ಎಂಬ ಚಿತ್ರಸಂಸ್ಥೆಯಿದೆ. ಪೀಟರ್ ಲಾರ್ಡ್, ಡೇವಿಡ್ ಸ್ಪ್ರಾಕ್ಸ್‌ಟನ್ ಎಂಬ ಇಬ್ಬರು ಗೆಳೆಯರು 1970ರ ದಶಕದಲ್ಲಿ ಕಟ್ಟಿ ಬೆಳೆಸಿದ ಸಂಸ್ಥೆ ಅದು. ಜೇಡಿಮಣ್ಣಿನಂತೆ ಮೆತ್ತಗಿರುವ ಪದಾರ್ಥದಿಂದ ಬೊಂಬೆ ಮಾಡಿ, ಅದನ್ನು ಕೂದಲೆಳೆಯಷ್ಟು ಸರಿಸಿ ಒಂದು ಛಾಯಾಚಿತ್ರ, ಮತ್ತಷ್ಟು ಸರಿಸಿ ಇನ್ನೊಂದು ಛಾಯಾಚಿತ್ರ, ಹೀಗೆ ತೆಗೆದ ಸಾವಿರಾರು ಚಿತ್ರಗಳನ್ನು ಒಂದರ ಹಿಂದೊಂದು ಓಡಿಸಿದರೆ ಬೊಂಬೆ ನಡೆಯುತ್ತದೆ. ದಿನವಿಡೀ ದುಡಿದರೂ ಒಬ್ಬ ಕುಶಲಕರ್ಮಿಗೆ ದಕ್ಕುವುದು ಕೆಲವೇ ಸೆಕೆಂಡುಗಳ ಚಿತ್ರ. ಈ ಸಂಸ್ಥೆಯ ನಿಕ್ ಪಾರ್ಕ್ ಎಂಬ ಕಲಾವಿದರು ವ್ಯಾಲೆಸ್ ಎಂಬ ಗಿಣ್ಣುಪ್ರಿಯನಾದ ಯಂತ್ರಶೋಧಕನನ್ನೂ ಗ್ರಾಮಿಟ್ ಎಂಬ ಅವನ ನಾಯಿಯನ್ನೂ ಸೃಷ್ಟಿಸಿದರು. ವ್ಯಾಲೆಸ್ ಬಾಯ್ತುಂಬ ಮಾತನಾಡುವವನು. ಗ್ರಾಮಿಟ್‌ಗೆ ಬಾಯಿಯೇ ಇಲ್ಲ. ಹುಬ್ಬಿನಿಂದಲೇ ಎಲ್ಲವನ್ನೂ ನುಡಿಯುತ್ತದೆ. ಇವರಿಬ್ಬರ ಮೂರನೆಯ ಚಿತ್ರವಾದ 'ಎ ಕ್ಲೋಸ್ ಶೇವ್' 1995ರ ಕ್ರಿಸ್ಮಸ್ ಸಮಯದಲ್ಲಿ ಬಿಬಿಸಿಯಲ್ಲಿ ಪ್ರಸಾರವಾಯಿತು. ಮರುವರ್ಷ ಕಿರುಚಿತ್ರಗಳ ವಿಭಾಗದಲ್ಲಿ ಆಸ್ಕರ್ ಪ್ರಶಸ್ತಿಯನ್ನೂ ಪಡೆಯಿತು.

ಅರ್ಧ ಗಂಟೆಯ ಆ ಚಿತ್ರದ ಕಥೆ ಹೀಗಿದೆ. ಊರಿನಲ್ಲಿ ಉಣ್ಣೆಗೆ ಬರ ಬಂದಿದೆ. ಯಾರೋ ಕುರಿಗಳನ್ನು ಕದಿಯುತ್ತಿದ್ದಾರೆ. ಕಳ್ಳರ ಲಾರಿಯಿಂದ ತಪ್ಪಿಸಿಕೊಂಡ ಒಂದು ಮರಿ ವ್ಯಾಲೆಸನ ಮನೆ ಸೇರಿ, ಕಂಡಕಂಡುದನ್ನೆಲ್ಲ ಕಡಿದು ತಿಂದುಬಿಡುತ್ತದೆ. ವ್ಯಾಲೆಸನ ಯಂತ್ರದೊಳಗೆ ಸಿಕ್ಕಿ ಅದರ ಉಣ್ಣೆಯೆಲ್ಲ ಹೋಗುತ್ತದೆ. ಅದೇ ಉಣ್ಣೆಯ ಒಂದು ಅಂಗಿ ಹೆಣೆದುಕೊಂಡು ಹೊರಬರುತ್ತದೆ. ಆಗ ಅದಕ್ಕೆ ಶಾನ್ ಎಂಬ ಹೆಸರು. ಇಂಗ್ಲಿಷಿನಲ್ಲಿ ಉಣ್ಣೆ ಕತ್ತರಿಸಿಕೊಂಡದ್ದು ಎಂಬ ಪದಕ್ಕೂ ಶಾನ್ ಎಂಬ ಹೆಸರಿಗೂ ಉಚ್ಚಾರಣೆ ಒಂದೇ. ಹೆಸರಿನ ಹಾಸ್ಯವೆಲ್ಲ ಈ ಶ್ಲೇಷೆಯಲ್ಲಿದೆ. ಮುಂದೆ ಕಳ್ಳನು ಪ್ರೆಸ್ಟನ್ ಎಂಬ ಯಂತ್ರನಾಯಿಯೆಂದು ತಿಳಿಯುತ್ತದೆ. ಗ್ರಾಮಿಟ್‌ನ ಮೇಲೆ ಕುರಿ ಕೊಂದ ಅಪವಾದ ಬಂದು ಅದು ಸೆರೆಮನೆ ಸೇರುತ್ತದೆ. ಕುರಿಗಳ ಸಹಾಯದಿಂದ ಬಿಡುಗಡೆ, ಬೆನ್ನಟ್ಟುವಿಕೆ, ಕೊನೆಗೆ ದುಷ್ಟನ ಸೋಲು.

ಈ ಕಥೆಯಲ್ಲಿ ಶಾನ್ ಯಾರು? ಕಥೆ ಮುಂದೆ ಹೋಗಲು ಬೇಕಾದ ಒಂದು ಉಪಕರಣ. ಅದರ ಗುಣವೆಂದರೆ ಹಸಿವು, ಮುಗ್ಧತೆ, ಕೊನೆಯಲ್ಲಿ ಒಂದಿಷ್ಟು ಧೈರ್ಯ. ಪ್ರೇಕ್ಷಕರಿಗೆ ಆ ಮರಿ ಮುದ್ದೆನಿಸಿತು. ಅಂಗಡಿಗಳಲ್ಲಿ ಕುರಿಯ ಆಕಾರದ ಬೆನ್ನುಚೀಲಗಳು ಬಂದವು. ಆಮೇಲೆ ಹನ್ನೊಂದು ವರ್ಷಕ್ಕೂ ಮಿಕ್ಕಿ ಕಳೆದು, 2007ರ ಮಾರ್ಚ್ ತಿಂಗಳಲ್ಲಿ ಬಿಬಿಸಿಯ ಮಕ್ಕಳ ವಾಹಿನಿಯಲ್ಲಿ ಶಾನ್‌ನ ಸ್ವಂತ ಕಥಾಮಾಲೆ ಆರಂಭವಾಯಿತು. ಅದನ್ನು ರೂಪಿಸಿದವರಲ್ಲಿ ಮುಖ್ಯರು ರಿಚರ್ಡ್ ಸ್ಟಾರ್ಜಾಕ್. ಒಂದೊಂದು ಕಂತು ಸುಮಾರು ಏಳು ನಿಮಿಷ. ಇದುವರೆಗೆ ನೂರೈವತ್ತಕ್ಕೂ ಹೆಚ್ಚು ಕಂತುಗಳು ಬಂದಿವೆ.

ಸಾಮಾನ್ಯ ಕುಶಲಿಯೊಬ್ಬನಾಗಿದ್ದರೆ ಏನು ಮಾಡುತ್ತಿದ್ದನು? ಮರಿಯನ್ನು ವ್ಯಾಲೆಸನ ಮನೆಯಲ್ಲೇ ಇರಿಸಿ, ದಿನಕ್ಕೊಂದು ಯಂತ್ರ, ದಿನಕ್ಕೊಬ್ಬ ಕಳ್ಳ ಎಂದು ಕಥೆ ಹೆಣೆಯುತ್ತಿದ್ದನು. ಹೆಸರುವಾಸಿಯಾದ ತಂದೆಯ ಮನೆಯನ್ನು ಬಿಟ್ಟು ಹೊರಡುವ ಧೈರ್ಯ ಎಲ್ಲ ಮಕ್ಕಳಿಗೂ ಇರುವುದಿಲ್ಲ. ಸ್ಟಾರ್ಜಾಕ್ ಮತ್ತು ಸಂಗಡಿಗರು ವ್ಯಾಲೆಸನನ್ನೂ ಗ್ರಾಮಿಟ್‌ನನ್ನೂ ಮುಟ್ಟಲಿಲ್ಲ. ಶಾನ್‌ನನ್ನು ಒಂದು ಹಳ್ಳಿಯ ಹೊಲಮನೆಗೆ ಕರೆದೊಯ್ದು, ಒಂದು ಹಿಂಡಿನ ನಡುವೆ ಬಿಟ್ಟರು. ಅಲ್ಲಿ ಒಬ್ಬ ರೈತ, ಅವನ ನಾಯಿ ಬಿಟ್ಜರ್, ಎಲ್ಲವನ್ನೂ ನುಂಗುವ ದೊಡ್ಡ ಕುರಿ ಶರ್ಲಿ, ಹಾಲುಗಲ್ಲದ ಮರಿ ಟಿಮ್ಮಿ, ಅದರ ತಾಯಿ, ಬೇಲಿಯಾಚೆ ಮೂರು ಕುಹಕಿ ಹಂದಿಗಳು. ಊರು, ಪೋಲೀಸು, ಪ್ರೇಮಪ್ರಸಂಗ, ಕೊಲೆಗಾರ ಯಂತ್ರ ಯಾವುದೂ ಇಲ್ಲ.

ಆದರೆ ತಂದೆಯ ಮನೆಯ ಆಸ್ತಿಯನ್ನು ಅವರು ಪೂರ್ತಿಯಾಗಿ ಬಿಟ್ಟುಬರಲೂ ಇಲ್ಲ. ಈ ಅಂಶವು ಸೂಕ್ಷ್ಮವಾದುದು. ಮೂಲಚಿತ್ರದಲ್ಲಿ ಶಾನ್‌ಗೆ ಇದ್ದ ಹೊಟ್ಟೆಬಾಕತನವನ್ನು ತೆಗೆದು ಶರ್ಲಿಗೆ ಕೊಟ್ಟರು. ವ್ಯಾಲೆಸನಿಗಿದ್ದ, ಕೈಗೆ ಸಿಕ್ಕ ಸಾಮಾನಿನಿಂದ ಏನನ್ನಾದರೂ ಕಟ್ಟಿನಿಲ್ಲಿಸುವ ಬುದ್ಧಿಯನ್ನು ಶಾನ್‌ಗೆ ಕೊಟ್ಟರು. ಗ್ರಾಮಿಟ್‌ನ ಮೌನವನ್ನೂ, ಯಜಮಾನನ ಮೂರ್ಖತನವನ್ನು ನುಂಗಿಕೊಂಡು ಕೆಲಸ ಮಾಡುವ ತಾಳ್ಮೆಯನ್ನೂ ಬಿಟ್ಜರ್‌ಗೆ ಕೊಟ್ಟರು. ವ್ಯಾಲೆಸನ ಇನ್ನೊಂದು ಗುಣ, ಕಣ್ಣೆದುರಿನ ಸತ್ಯವನ್ನು ಕಾಣದಿರುವುದು, ರೈತನಿಗೆ ಹೋಯಿತು. ಹಿರಿಯರ ಒಡವೆಯನ್ನು ಕರಗಿಸಿ ಹೊಸ ಒಡವೆ ಮಾಡಿಸಿಕೊಂಡಂತೆ ಇದು. ಚಿನ್ನ ಹಳೆಯದೇ, ಅಚ್ಚು ಬೇರೆ. ಮೂಲದ ಪಾತ್ರಗಳನ್ನೇ ಎತ್ತಿತಂದಿದ್ದರೆ ಅವು ಅತಿಥಿಗಳಾಗಿ ಬಂದು ಹೋಗುತ್ತಿದ್ದವು. ಗುಣಗಳನ್ನು ಬಿಡಿಸಿ ಹಂಚಿದುದರಿಂದ ಅವು ಇಲ್ಲಿಯ ಮನೆಮಂದಿಯಾಗಿವೆ.

ಈ ಪಾತ್ರಗಳಲ್ಲಿ ನನ್ನ ಮನಸ್ಸನ್ನು ಬಹುವಾಗಿ ಸೆಳೆದದ್ದು ಕಥಾನಾಯಕನಾದ ಶಾನ್ ಅಲ್ಲ, ಬಿಟ್ಜರ್. ನೀಲಿ ಉಣ್ಣೆಯ ಟೊಪ್ಪಿಗೆ, ಕೊರಳಲ್ಲಿ ಸೀಟಿ, ಕೈಯಲ್ಲಿ ಹಲಗೆಗೆ ಸಿಕ್ಕಿಸಿದ ಕಾಗದ, ಇದು ಅದರ ವೇಷ. ಬೆಳಗ್ಗೆ ಹಿಂಡನ್ನು ಹೊರಗೆ ಬಿಟ್ಟು, ಒಂದೊಂದಾಗಿ ಎಣಿಸಿ ಗುರುತು ಹಾಕಿಕೊಳ್ಳುತ್ತದೆ. ಮೇಲೆ ರೈತನಿದ್ದಾನೆ, ಅವನಿಗೆ ಏನೂ ಕಾಣುವುದಿಲ್ಲ, ಆದರೆ ಎಲ್ಲವೂ ಸರಿಯಾಗಿರಬೇಕು. ಕೆಳಗೆ ಕುರಿಗಳಿವೆ, ಅವುಗಳಿಗೆ ಎಲ್ಲವೂ ತಿಳಿದಿದೆ, ಆದರೆ ಯಾವುದೂ ಸರಿಯಾಗಿರಬೇಕೆಂಬ ಹಂಬಲವಿಲ್ಲ. ನಡುವೆ ಬಿಟ್ಜರ್. ಕುರಿಗಳ ಆಟವನ್ನು ತಡೆಯಬೇಕಾದ ಅಧಿಕಾರಿಯೂ ಅದೇ. ಆಟ ರಂಗೇರಿದಾಗ ತಾನೂ ಸೇರಿಕೊಳ್ಳುವ ಗೆಳೆಯನೂ ಅದೇ. ಕೊನೆಗೆ ರೈತನ ಕಣ್ಣಿಗೆ ಬಿದ್ದು ಬೈಸಿಕೊಳ್ಳುವುದೂ ಅದೇ. ಪಟ್ಟಿಯಲ್ಲಿ ಹಾಜರಿ ತುಂಬಿಸಿ, ಮೇಲಿನವರು ಬರುವ ದಿನ ಎಲ್ಲವೂ ಒಪ್ಪವಾಗಿರುವಂತೆ ನೋಡಿಕೊಂಡು, ಉಳಿದ ದಿನಗಳಲ್ಲಿ ಮಕ್ಕಳ ನಗುವಿನಲ್ಲಿ ಪಾಲುಗೊಳ್ಳುವ ವೃತ್ತಿಯೊಂದನ್ನು ನಮ್ಮ ವಾಚಕರಲ್ಲಿ ಅನೇಕರು ಬಲ್ಲರು. ಬಿಟ್ಜರ್‌ನ ಸೀಟಿ ಕೇಳಿದಾಗ ನಗುವ ಉಪಾಧ್ಯಾಯನು ತನ್ನನ್ನೇ ನೋಡಿ ನಗುತ್ತಿರುತ್ತಾನೆ.

ಭರತಮುನಿಯು ಹಾಸ್ಯವನ್ನು ಆತ್ಮಸ್ಥ, ಪರಸ್ಥ ಎಂದು ಎರಡಾಗಿ ವಿಂಗಡಿಸುತ್ತಾನೆ. ತಾನೇ ನಗುವುದು ಒಂದು, ಪರರನ್ನು ನಗಿಸುವುದು ಇನ್ನೊಂದು. ನಗೆಯ ತರತಮವನ್ನು ಸ್ಮಿತದಿಂದ ಅತಿಹಸಿತದವರೆಗೆ ಆರು ಮೆಟ್ಟಿಲುಗಳಲ್ಲಿ ಹೇಳಿ, ಮೊದಲೆರಡನ್ನು ಉತ್ತಮರಿಗೂ ಕೊನೆಯೆರಡನ್ನು ಅಧಮರಿಗೂ ಹಂಚಿದ್ದಾನೆ. ಈ ಹಂಚಿಕೆಯನ್ನು ಇಂದು ಯಾರೂ ಒಪ್ಪಬೇಕಾಗಿಲ್ಲ. ಆದರೆ ಮಕ್ಕಳಿಗಾಗಿ ತಯಾರಾಗುವ ಬಹುಪಾಲು ಹಾಸ್ಯಚಿತ್ರಗಳು ಅತಿಹಸಿತವೊಂದನ್ನೇ ಬಲ್ಲವು. ಬೀಳುವುದು, ಬಡಿಯುವುದು, ಕಿರಿಚುವುದು. ಈ ಕುರಿಗಳ ಲೋಕದಲ್ಲಿ ಬೀಳುವುದೂ ಬಡಿಯುವುದೂ ಉಂಟು. ಅದರ ಜೊತೆಗೆ, ಬಿಟ್ಜರ್‌ನ ಹುಬ್ಬು ಒಂದಿಷ್ಟು ಮೇಲೇರಿ ನಿಂತಾಗ ತುಟಿಯಂಚಿನಲ್ಲಿ ಮೂಡುವ ಸ್ಮಿತವೂ ಉಂಟು.

ಇನ್ನು ಮೌನದ ವಿಚಾರ. ಕಥಾಮಾಲೆಯಲ್ಲಿ ಯಾರೂ ಒಂದು ಪದವನ್ನೂ ಆಡುವುದಿಲ್ಲ. ಕುರಿಗಳು ಬ್ಯಾ ಎನ್ನುತ್ತವೆ, ನಾಯಿ ಗೊಣಗುತ್ತದೆ, ಇದರಲ್ಲಿ ಆಶ್ಚರ್ಯವಿಲ್ಲ. ಮನುಷ್ಯನಾದ ರೈತನೂ ಮಾತನಾಡುವುದಿಲ್ಲ ಎಂಬುದೇ ಆಶ್ಚರ್ಯ. ಅವನ ಬಾಯಿಂದ ಹೊರಡುವುದು ಗುಡುಗುಡು ಸದ್ದು ಮಾತ್ರ. ಏರಿಳಿತದಿಂದ ಅದು ಸಿಟ್ಟೋ ಸಂತೋಷವೋ ಪ್ರಶ್ನೆಯೋ ಎಂದು ತಿಳಿಯುತ್ತದೆ, ಪದ ತಿಳಿಯುವುದಿಲ್ಲ. ಅಂದರೆ ಕುರಿಯ ಕಿವಿಗೆ ಮನುಷ್ಯನ ಮಾತು ಹೇಗೆ ಕೇಳಿಸುವುದೋ ಹಾಗೆ ನಮಗೂ ಕೇಳಿಸುತ್ತದೆ. ಪ್ರೇಕ್ಷಕನನ್ನು ಬೇಲಿಯ ಯಾವ ಕಡೆ ಕೂರಿಸಬೇಕೆಂಬುದನ್ನು ಈ ಒಂದು ಉಪಾಯದಿಂದ ನಿರ್ಧರಿಸಿಬಿಟ್ಟಿದ್ದಾರೆ. ಮೂಲಚಿತ್ರದಲ್ಲಿ ಮೌನವು ಗ್ರಾಮಿಟ್ ಎಂಬ ಒಂದು ಪಾತ್ರದ ಗುಣವಾಗಿತ್ತು. ಇಲ್ಲಿ ಅದು ಲೋಕದ ಧರ್ಮವಾಯಿತು. ಶ್ಲೇಷೆಯಿಂದ ಹುಟ್ಟಿದ ಮರಿ ಭಾಷೆಯನ್ನೇ ದಾಟಿ ಹೋಯಿತು! ಇಂದು ನೂರಕ್ಕೂ ಮಿಕ್ಕ ದೇಶಗಳ ಮಕ್ಕಳು ಶಾನ್‌ನನ್ನು ಬಲ್ಲರು. ಅವರಲ್ಲಿ ಆ ಹೆಸರಿನ ಶ್ಲೇಷೆಯನ್ನು ಬಲ್ಲವರು ಎಷ್ಟು ಮಂದಿ? ಬಲ್ಲದಿದ್ದರೂ ಅವರಿಗೆ ನಷ್ಟವಿಲ್ಲ.

ಚತುರ್ವಿಧಾಭಿನಯದಲ್ಲಿ ವಾಚಿಕವನ್ನು ತೆಗೆದುಹಾಕಿದರೆ ಆಂಗಿಕ, ಆಹಾರ್ಯ, ಸಾತ್ತ್ವಿಕಗಳು ಉಳಿಯುತ್ತವೆ. ಜೀವವಿಲ್ಲದ ಬೊಂಬೆಯಲ್ಲಿ ಸಾತ್ತ್ವಿಕವನ್ನು ತರುವುದು ಹೇಗೆ? ಕಣ್ಣುಗುಡ್ಡೆಯನ್ನು ಎಳ್ಳಿನಷ್ಟು ಸರಿಸಿ, ಕ್ಷಣಕಾಲ ಹಾಗೇ ನಿಲ್ಲಿಸುವುದರಿಂದ. ಶಾನ್ ಏನಾದರೂ ಉಪಾಯ ಹೂಡುವ ಮೊದಲು ಹೀಗೆ ನಿಲ್ಲುತ್ತದೆ. ಆ ನಿಲುಗಡೆಯಲ್ಲಿ ನೋಡುವ ಮಗುವಿನ ಬುದ್ಧಿಯೂ ಕೆಲಸ ಮಾಡತೊಡಗುತ್ತದೆ. ಚಾಪ್ಲಿನ್, ಬಸ್ಟರ್ ಕೀಟನ್ ಮೊದಲಾದವರು ಮೂಕಚಿತ್ರಗಳ ಕಾಲದಲ್ಲಿ ಬಲ್ಲವರಾಗಿದ್ದ ಈ ವಿದ್ಯೆ, ಚಲಚ್ಚಿತ್ರಕ್ಕೆ ಮಾತು ಬಂದ ಮೇಲೆ ಮೂಲೆ ಸೇರಿತ್ತು.

ಮೌನದ ಬೆಲೆಯನ್ನು ತಿಳಿಯಲು ಇನ್ನೊಂದು ಉದಾಹರಣೆಯನ್ನು ನೋಡಬಹುದು. 1963ರಲ್ಲಿ ಬ್ಲೇಕ್ ಎಡ್ವರ್ಡ್ಸ್ ನಿರ್ದೇಶಿಸಿದ 'ದ ಪಿಂಕ್ ಪ್ಯಾಂಥರ್' ಚಿತ್ರದಲ್ಲಿ ಆ ಹೆಸರು ಒಂದು ವಜ್ರದ್ದು. ಹೆಸರುಗಳನ್ನು ತೋರಿಸುವ ಆರಂಭದ ಭಾಗದಲ್ಲಿ ಗುಲಾಬಿ ಬಣ್ಣದ ಒಂದು ಚಿರತೆಯ ರೇಖಾಚಿತ್ರ ಸುಳಿದಾಡುತ್ತದೆ. ಹೆನ್ರಿ ಮ್ಯಾನ್ಸಿನಿಯವರ ಸಂಗೀತದೊಡನೆ ಆ ಚಿರತೆ ಜನರ ಮನಸ್ಸಿನಲ್ಲಿ ಎಷ್ಟು ನೆಲೆಸಿತೆಂದರೆ, ಮರುವರ್ಷವೇ ಅದರದೇ ಒಂದು ಕಿರುಚಿತ್ರ ಬಂದು ಆಸ್ಕರ್ ಪಡೆಯಿತು. 1969ರಿಂದ ದೂರದರ್ಶನದಲ್ಲಿ ಅದರ ಕಥಾಮಾಲೆಯೇ ನಡೆಯಿತು. ಹೊದಿಕೆಯ ಚಿತ್ರವು ಗ್ರಂಥವನ್ನು ಮೀರಿಸಿದಂತಾಯಿತು! ಆ ಚಿರತೆ ಬಹುಮಟ್ಟಿಗೆ ಮೂಕ. 1993ರ ಹೊಸ ಕಥಾಮಾಲೆಯಲ್ಲಿ ಅದಕ್ಕೆ ಮಾತು ಕೊಟ್ಟರು. ಅದುವರೆಗೆ ಗಂಭೀರವಾಗಿ ನಡೆದು ಲೋಕವನ್ನು ತಲೆಕೆಳಗು ಮಾಡುತ್ತಿದ್ದ ಪ್ರಾಣಿ, ಮಾತು ಬಂದೊಡನೆ ಹತ್ತು ಮಂದಿ ವಾಚಾಳಿಗಳಲ್ಲಿ ಹನ್ನೊಂದನೆಯದಾಯಿತು. ಇದಕ್ಕೆ ವಿರುದ್ಧವಾಗಿ, 2005ರ 'ಮಡಗಾಸ್ಕರ್' ಚಿತ್ರದ ಉಪಪಾತ್ರಗಳಾದ ಪೆಂಗ್ವಿನ್‌ಗಳು 2008ರಲ್ಲಿ ತಮ್ಮದೇ ಕಥಾಮಾಲೆಯನ್ನು ಪಡೆದು, ನ್ಯೂಯಾರ್ಕಿನ ಮೃಗಶಾಲೆಯಲ್ಲಿ ಸೈನಿಕರಂತೆ ಕಾರ್ಯಾಚರಣೆ ನಡೆಸಿದವು. ಅವುಗಳ ಜೀವಾಳವೇ ಮಾತು. ದಂಡಿನ ಪರಿಭಾಷೆಯಲ್ಲಿ ಆಡುವ ಬಿರುಸು ಮಾತು. ಅಲ್ಲಿ ಚಾತುರ್ಯಕ್ಕೆ ಕೊರತೆಯಿಲ್ಲ. ಆದರೆ ಅನ್ಯಭಾಷೆಗೆ ತಿರುಗಿಸುವಾಗ ಅದರ ಗತಿ ಅನುವಾದಕನ ಕೈಯಲ್ಲಿರುತ್ತದೆ.

ಗಡಿನಾಡಿನ ಶಿಕ್ಷಕನಿಗೆ ಈ ಭೇದ ಚಿಕ್ಕದಲ್ಲ. ಜತ್ತ ತಾಲೂಕಿನ ನಮ್ಮ ಕನ್ನಡ ಮಕ್ಕಳ ಮನೆಗೆ ಬರುವ ಕಾರ್ಟೂನುಗಳು ಹೆಚ್ಚಾಗಿ ಹಿಂದಿಯಲ್ಲಿ, ಇಲ್ಲವೆ ಮರಾಠಿಯಲ್ಲಿ ಮಾತನಾಡುತ್ತವೆ. ಮಗು ನಗುತ್ತದೆ, ನಗುವ ಭಾಷೆ ಬೇರೆಯದಾಗಿರುತ್ತದೆ. ಹಾಸ್ಯದ ಮಾತು ನಾಲಗೆಗೆ ಅಂಟಿಕೊಳ್ಳುವಷ್ಟು ಬೇಗ ಪಾಠದ ಮಾತು ಅಂಟಿಕೊಳ್ಳುವುದಿಲ್ಲವಾದ್ದರಿಂದ, ಆಟದ ಹೊತ್ತಿನಲ್ಲಿ ಮಕ್ಕಳು ಆ ಪಾತ್ರಗಳ ಹಿಂದಿಯಲ್ಲೇ ಕೂಗಾಡುತ್ತಾರೆ. ಆ ಭಾಷೆಗಳ ಮೇಲೆ ನನಗೆ ದ್ವೇಷವಿಲ್ಲ. ಮರಾಠಿಯನ್ನು ನಾವೂ ಕಲಿಸುತ್ತೇವೆ. ಆದರೆ ನಗುವುದಕ್ಕೆ ಕನ್ನಡ ಸಾಲದು ಎಂಬ ಭಾವನೆ ಎಂಟು ವರ್ಷದ ಮಗುವಿನಲ್ಲಿ ಬೇರೂರಿದರೆ, ಮುಂದೆ ಯಾವ ವ್ಯಾಕರಣವೂ ಅದನ್ನು ಕೀಳಲಾರದು. ಶಾನ್‌ನ ಕಂತಿನಲ್ಲಿ ಆ ಜಾಗ ಖಾಲಿಯಿದೆ. ನೋಡಿದ್ದನ್ನು ಹೇಳಬೇಕಾದರೆ ಮಗು ತನ್ನ ಮಾತನ್ನೇ ಹುಡುಕಿಕೊಳ್ಳಬೇಕು. ಏಳು ನಿಮಿಷದ ಒಂದು ಕಂತನ್ನು ನಾಲ್ಕನೆಯ ತರಗತಿಗೆ ತೋರಿಸಿ, ಕಂಡದ್ದನ್ನು ಹೇಳಿರೆಂದರೆ, ಜಾರಿತು, ಉರುಳಿತು, ಎಡವಿತು, ಮುಗ್ಗರಿಸಿತು, ಕವುಚಿ ಬಿತ್ತು ಎಂಬ ಕ್ರಿಯಾಪದಗಳೆಲ್ಲ ತಾವಾಗಿ ಹೊರಡುತ್ತವೆ. ಪಠ್ಯಪುಸ್ತಕದ ಅಭ್ಯಾಸದಲ್ಲಿ 'ಬಿತ್ತು' ಒಂದೇ ಇರುತ್ತದೆ.

ಕಂತುಗಳ ರಚನೆಯೂ ವಿಚಾರಾರ್ಹವಾದುದು. ಹೊಲಮನೆಗೆ ಯಾವುದೋ ಒಂದು ವಸ್ತು ಬರುತ್ತದೆ. ರೈತನ ಪಾಲಿಗೆ ಅದರ ಉಪಯೋಗ ಒಂದು. ಕುರಿಗಳ ಪಾಲಿಗೆ ಇನ್ನೊಂದು. ಮೊದಲನೆಯ ಕಂತಿನಲ್ಲಿ ಎಲೆಕೋಸಿನ ಗಡ್ಡೆಯೊಂದು ಹಿಂಡಿನ ಕೈಗೆ ಸಿಕ್ಕಿ ಕಾಲ್ಚೆಂಡಾಗುತ್ತದೆ. ಇನ್ನೊಂದರಲ್ಲಿ ಪಿಜ್ಜಾದ ರುಚಿ ಕಂಡ ಕುರಿಗಳು ಒಂದರ ಮೇಲೊಂದು ನಿಂತು, ರೈತನ ಬಟ್ಟೆಯನ್ನು ತೊಟ್ಟು, ಒಬ್ಬನೇ ಮನುಷ್ಯನಂತೆ ಅಂಗಡಿಗೆ ಹೋಗುತ್ತವೆ. ಆಟ ಬೆಳೆಯುತ್ತದೆ, ಕೈಮೀರುತ್ತದೆ. ರೈತ ತಿರುಗಿ ನೋಡುವಷ್ಟರಲ್ಲಿ ಎಲ್ಲವೂ ಮೊದಲಿನಂತೆ ಆಗಿರಬೇಕು. ಆಗುತ್ತದೆ, ಅಥವಾ ಕಾಣುವಷ್ಟು ಮಟ್ಟಿಗೆ ಆಗುತ್ತದೆ. ರೈತನಿಗೆ ಗೊತ್ತಾಗಬಾರದು ಎಂಬುದೊಂದೇ ಈ ಲೋಕದ ಕಟ್ಟಳೆ. ಕಟ್ಟಳೆ ಇರುವುದರಿಂದಲೇ ಆಟಕ್ಕೆ ಸ್ವಾರಸ್ಯ. ಮೂಲಚಿತ್ರದಲ್ಲಿ ಕಥೆ ಒಂದೇ ಸಲ ನಡೆದು ಮುಗಿಯಬೇಕಾಗಿತ್ತು, ದುಷ್ಟನು ಸೋಲಬೇಕಾಗಿತ್ತು. ಇಲ್ಲಿ ದುಷ್ಟನೇ ಇಲ್ಲವಾದ್ದರಿಂದ ಗೆಲುವೂ ಇಲ್ಲ. ನಾಳೆ ಮತ್ತೆ ಬೆಳಗಾಗುತ್ತದೆ, ಮತ್ತೆ ಸೀಟಿ ಊದುತ್ತದೆ. ದೀರ್ಘಕಾಲ ನಡೆಯುವ ಹಾಸ್ಯಕ್ಕೆ ಇಂತಹ ಒಂದು ದಿನಚರಿ ಬೇಕು. ಎಷ್ಟೋ ಉಪಕಥಾಮಾಲೆಗಳು ಮೂಲದ ಸಾಹಸವನ್ನೇ ಪ್ರತಿವಾರವೂ ಅನುಕರಿಸಲು ಹೋಗಿ ದಣಿದು ಬಿದ್ದಿವೆ.

ಕುರಿಯ ಚೀಲ, ಕುರಿಯ ಬೊಂಬೆಗಳನ್ನು ಮಾರುವುದಕ್ಕಾಗಿಯೇ ಇದನ್ನೆಲ್ಲ ಹೂಡಿದ್ದಾರೆ ಎಂಬ ಆಕ್ಷೇಪವನ್ನು ಕೇಳಿದ್ದೇನೆ. ವ್ಯಾಪಾರ ಇರಬಹುದು; ರಾಜಾಶ್ರಯವನ್ನು ಬೇಡಿ ಬರೆದ ಕಾವ್ಯಗಳೂ ನಮ್ಮಲ್ಲಿ ಉಂಟು. ವ್ಯಾಪಾರಕ್ಕಾಗಿ ಹುಟ್ಟಿದ ವಸ್ತುವಿನಲ್ಲಿ ಕಲೆಯು ನೆಲಸಿದೆಯೇ ಎಂಬುದಷ್ಟೇ ವಿಮರ್ಶಕನ ಪ್ರಶ್ನೆ. 2009ರಲ್ಲಿ ಟಿಮ್ಮಿ ಮರಿಯನ್ನು ಶಿಶುವಿಹಾರಕ್ಕೆ ಸೇರಿಸಿ 'ಟಿಮ್ಮಿ ಟೈಮ್' ಎಂಬ ಮರಿ ಕಥಾಮಾಲೆಯನ್ನು ಹೊರತಂದರು. ಅದು ಎಳೆಯ ಮಕ್ಕಳಿಗೆ ತಕ್ಕುದಾದರೂ, ಅಲ್ಲಿ ಈ ಪ್ರಶ್ನೆಗೆ ಬರುವ ಉತ್ತರ ಅಷ್ಟು ಉತ್ಸಾಹಕರವಲ್ಲ.

ಉಪಕಥೆಯ ನಿಜವಾದ ಪರೀಕ್ಷೆ ನಡೆದದ್ದು 2015ರಲ್ಲಿ. ಆ ವರ್ಷ ಮಾರ್ಕ್ ಬರ್ಟನ್ ಮತ್ತು ಸ್ಟಾರ್ಜಾಕ್ ಸೇರಿ ಶಾನ್‌ನ ಪೂರ್ಣಾವಧಿಯ ಚಲಚ್ಚಿತ್ರವನ್ನು ಮಾಡಿದರು. ಅರ್ಧ ಗಂಟೆಯ ಚಿತ್ರದಲ್ಲಿ ಉಪಪಾತ್ರವಾಗಿದ್ದುದು, ಏಳು ನಿಮಿಷದ ಪ್ರಹಸನಗಳಲ್ಲಿ ಬೆಳೆದು, ಈಗ ಒಂದೂಕಾಲು ಗಂಟೆಗೂ ಮಿಕ್ಕ ಚಿತ್ರದ ಭಾರವನ್ನು ಹೊತ್ತಿತು; ಅದೂ ಒಂದು ಮಾತನ್ನೂ ಆಡದೆ. ಚಿತ್ರದ ಆರಂಭದಲ್ಲಿ ರೈತನ ಯೌವನದ ದಿನಗಳಿವೆ. ಆಗ ಬಿಟ್ಜರ್ ಮರಿನಾಯಿ, ಕುರಿಗಳು ಎಳೆಯ ಮರಿಗಳು, ಎಲ್ಲರೂ ಒಂದೇ ಕುಟುಂಬದಂತೆ ನಗುತ್ತಿದ್ದರು. ಅನಂತರ ವರ್ಷಗಳುರುಳಿ ಅದೇ ಕೋಳಿಯ ಕೂಗು, ಅದೇ ಸೀಟಿ, ಅದೇ ಮೇವು. ಕಥಾಮಾಲೆಯ ಜೀವಾಳವಾಗಿದ್ದ ದಿನಚರಿಯನ್ನೇ ಇಲ್ಲಿ ದುಃಖದ ಬೀಜವನ್ನಾಗಿ ಮಾಡಿದ್ದಾರೆ. ಬೇಸತ್ತ ಶಾನ್ ಒಂದು ದಿನದ ರಜೆಗಾಗಿ ಉಪಾಯ ಹೂಡುತ್ತದೆ. ಕುರಿಗಳು ರೈತನ ಎದುರು ಒಂದೊಂದಾಗಿ ಬೇಲಿ ಹಾರುತ್ತವೆ, ಸುತ್ತಿ ಬಂದು ಮತ್ತೆ ಹಾರುತ್ತವೆ. ಎಣಿಸುತ್ತ ಎಣಿಸುತ್ತ ರೈತ ನಿದ್ದೆ ಹೋಗುತ್ತಾನೆ. ಅವನನ್ನು ಮಲಗಿಸಿದ ಬಂಡಿಮನೆ ಉರುಳುತ್ತ ದೂರದ ನಗರ ಸೇರಿ, ತಲೆಗೆ ಪೆಟ್ಟು ಬಿದ್ದು ಅವನಿಗೆ ನೆನಪು ಹೋಗುತ್ತದೆ. ತಾನು ಯಾರೆಂಬುದು ಮರೆತರೂ ಕೈಗೆ ಉಣ್ಣೆ ಕತ್ತರಿಸುವ ವಿದ್ಯೆ ನೆನಪಿದೆ. ನಗರದ ಕ್ಷೌರದಂಗಡಿಯಲ್ಲಿ ಅವನು ಪ್ರಸಿದ್ಧ ಕೇಶಶಿಲ್ಪಿಯಾಗಿಬಿಡುತ್ತಾನೆ! ಉಣ್ಣೆ ಕತ್ತರಿಸುವುದರಿಂದ ಹೆಸರು ಪಡೆದ ಪಾತ್ರದ ಕಥೆಯಲ್ಲಿ ಮತ್ತೆ ಕತ್ತರಿಯೇ ಬಂದು ನಿಂತುದು ಎಷ್ಟು ಸಹಜವಾಗಿದೆ.

ಅವನನ್ನು ಹುಡುಕುತ್ತ ನಗರಕ್ಕೆ ಬಂದ ಹಿಂಡು, ಮನುಷ್ಯರ ಹಳೆಯ ಬಟ್ಟೆಗಳನ್ನು ತೊಟ್ಟು ಭೋಜನಗೃಹದಲ್ಲಿ ಕುಳಿತುಕೊಳ್ಳುವ ಪ್ರಸಂಗವು ಹಾಸ್ಯದ ಶಿಖರ. ಆದರೆ ನನ್ನ ನೆನಪಿನಲ್ಲಿ ಅದಕ್ಕಿಂತ ಆಳವಾಗಿ ಉಳಿದದ್ದು, ಶಾನ್ ಕೊನೆಗೂ ರೈತನನ್ನು ಕಂಡುಹಿಡಿದು ಎದುರಿಗೆ ನಿಂತಾಗ, ಅವನು ಗುರುತಿಸದೆ ಅಟ್ಟಿಬಿಡುವ ಕ್ಷಣ. ಮಾತಿದ್ದಿದ್ದರೆ ಅಲ್ಲಿ ಯಾರಾದರೂ 'ನನ್ನನ್ನು ಮರೆತೆಯಾ' ಎಂದು ಕೇಳಿ ಕಣ್ಣೀರು ತರಿಸಲು ಹೋಗುತ್ತಿದ್ದರು. ಇಲ್ಲಿ ಕುರಿಯ ಕಣ್ಣುಗುಡ್ಡೆ ಒಂದಿಷ್ಟು ಕೆಳಗಿಳಿಯುತ್ತದೆ, ಅಷ್ಟೆ. ಶಕುಂತಲೆಗೆ ಆಡುವುದಕ್ಕೆ ಮಾತಿತ್ತು. ಈ ಮೂಕಪ್ರಾಣಿಗೆ ಅದೂ ಇಲ್ಲ. ದುಷ್ಯಂತನ ಪ್ರತ್ಯಾಖ್ಯಾನವನ್ನು ಬೊಂಬೆಕುರಿಯ ಮಗ್ಗುಲಲ್ಲಿ ನಿಲ್ಲಿಸುವುದು ಅತಿಯಾಯಿತೆಂದು ಪಂಡಿತರು ಆಕ್ಷೇಪಿಸಿದರೆ ಆಕ್ಷೇಪಿಸಲಿ. ನೆನಪು ಕಳೆದುಕೊಂಡವನ ಎದುರು ನಿಂತವರ ಸಂಕಟ ಎರಡೂ ಕಡೆ ಒಂದೇ. ಆ ರಾತ್ರಿ ಮನೆಯಿಲ್ಲದ ಹಿಂಡು ಒಂದೆಡೆ ಮುದುಡಿ ಕುಳಿತು, ಅಳುವ ಟಿಮ್ಮಿಯನ್ನು ಸಮಾಧಾನಪಡಿಸಲು ಬ್ಯಾಕಾರದಲ್ಲೇ ಹಾಡುತ್ತದೆ. ಪದಗಳಿಲ್ಲದ ಆ ಹಾಡಿನ ಹತ್ತಿರ ಮೂಲಚಿತ್ರದ ಯಾವ ಸನ್ನಿವೇಶವೂ ಸುಳಿಯುವುದಿಲ್ಲ. 2016ರ ಆಸ್ಕರ್ ಸ್ಪರ್ಧೆಗೆ ಈ ಚಿತ್ರವು ಸೂಚಿತವಾಗಿತ್ತು, ಪ್ರಶಸ್ತಿ ಬರಲಿಲ್ಲ.

ದೋಷಗಳಿಲ್ಲವೆ? ಇವೆ. ಶರ್ಲಿಯ ಸ್ಥೂಲಕಾಯವನ್ನು ಹಾಸ್ಯಕ್ಕೆ ಎಷ್ಟು ಸಲ ಎಳೆದಿದ್ದಾರೆಂದರೆ ಲೆಕ್ಕ ತಪ್ಪುತ್ತದೆ. ದಪ್ಪಗಿರುವುದೇ ನಗೆಪಾಟಲು ಎಂಬ ಪಾಠವನ್ನು ತರಗತಿಯ ಮಕ್ಕಳು ಬಹು ಬೇಗ ಕಲಿಯುತ್ತಾರೆ. ಅದರ ಪೆಟ್ಟನ್ನು ತಿನ್ನುವ ಮಗು ಪ್ರತಿ ತರಗತಿಯಲ್ಲೂ ಒಂದಿರುತ್ತದೆ. ಟಿಮ್ಮಿಯ ತಾಯಿಯನ್ನು ತಲೆಯ ಮೇಲಿನ ಕೂದಲುಸುರುಳಿಗಳಿಂದಲೇ ಗುರುತಿಸಬೇಕು. ಅದಕ್ಕಿಂತ ಹೆಚ್ಚಿನ ವ್ಯಕ್ತಿತ್ವವನ್ನು ಅವಳಿಗೆ ಕೊಡಲು ಕರ್ತೃಗಳು ಶ್ರಮಪಟ್ಟಂತಿಲ್ಲ. 2019ರ ಎರಡನೆಯ ಚಲಚ್ಚಿತ್ರ 'ಫಾರ್ಮಗೆಡ್ಡನ್'ನಲ್ಲಿ ಅನ್ಯಗ್ರಹದ ಒಂದು ಮಗು ಹೊಲಮನೆಗೆ ಬರುತ್ತದೆ. ನೋಡಲು ಸೊಗಸಾಗಿದೆ. ಆದರೆ ಅಲ್ಲಿಯ ಹಾಸ್ಯ ಬಹುಪಾಲು ಇತರ ಬಾಹ್ಯಾಕಾಶ ಚಿತ್ರಗಳ ಅಣಕವಾಗಿ, ಅವನ್ನು ಬಲ್ಲವರಿಗೆ ಮಾತ್ರ ದಕ್ಕುತ್ತದೆ. ಎಲೆಕೋಸಿನ ಗಡ್ಡೆಯೊಂದರಿಂದ ನಗಿಸಬಲ್ಲವರಿಗೆ ಆಕಾಶನೌಕೆ ಏಕೆ ಬೇಕಾಯಿತೋ ತಿಳಿಯದು.

ಮೂಲದ ಬಗ್ಗೆ ಒಂದು ನ್ಯಾಯದ ಮಾತನ್ನೂ ಹೇಳಬೇಕು. ವ್ಯಾಲೆಸ್ ಮತ್ತು ಗ್ರಾಮಿಟ್ ಇನ್ನೂ ಮುಪ್ಪಾಗಿಲ್ಲ. 2024ರ ಕ್ರಿಸ್ಮಸ್ಸಿನಲ್ಲಿ ಅವರ ಹೊಸ ಚಿತ್ರವೇ ಬಂದಿದೆ. ಉಪಕಥೆಯು ಬೆಳೆದುದು ಮೂಲವನ್ನು ಕೊಂದಲ್ಲ. ಮತ್ತೂ ಒಂದು ವಿಷಯದಲ್ಲಿ 'ಎ ಕ್ಲೋಸ್ ಶೇವ್' ತನ್ನ ಮಗನಿಗಿಂತ ಧೈರ್ಯಶಾಲಿ. ಪ್ರೆಸ್ಟನ್ ಕುರಿಗಳನ್ನು ಕದ್ದುದು ಉಣ್ಣೆಗಾಗಿ ಮಾತ್ರವಲ್ಲ, ಕೊಚ್ಚಿ ನಾಯಿಯ ಆಹಾರವನ್ನಾಗಿ ಮಾಡುವುದಕ್ಕಾಗಿ. ಕುರಿಯ ಬಾಳಿಗೆ ಒಂದು ಕೊನೆಯುಂಟೆಂಬುದನ್ನು ಆ ಚಿತ್ರವು ಯಂತ್ರದ ಬಾಯಿಯನ್ನು ತೆರೆದು ತೋರಿಸುತ್ತದೆ. ಕಥಾಮಾಲೆಯ ಹೊಲಮನೆಯಲ್ಲಿ ಆ ಬಾಯಿಯನ್ನು ಮುಚ್ಚಿಬಿಟ್ಟಿದ್ದಾರೆ. ಅಲ್ಲಿ ಉಣ್ಣೆ ಕತ್ತರಿಸುತ್ತಾರೆ, ಅಷ್ಟೇ. ವರ್ಷಗಳುರುಳಿದರೂ ಹಿಂಡು ಅಷ್ಟೇ ಇರುತ್ತದೆ.

ನಗರದ ಮಕ್ಕಳಿಗೆ ಇದು ಹೊಳೆಯಲಿಕ್ಕಿಲ್ಲ. ನಮ್ಮ ಜತ್ತ ಸೀಮೆ ಕುರಿಗಳ ಸೀಮೆ. ಇಲ್ಲಿಯ ಮಾಡಗ್ಯಾಳ ತಳಿಯ ಕುರಿ, ಬಾಗಿದ ಮೂಗಿನ ಎತ್ತರದ ಕುರಿ, ಹೆಸರಾದುದು ಉಣ್ಣೆಗಲ್ಲ, ಮಾಂಸಕ್ಕೆ. ಒಳ್ಳೆಯ ಟಗರಿಗೆ ಬರುವ ಬೆಲೆಯನ್ನು ಕೇಳಿದರೆ ಹೊರಗಿನವರು ನಂಬಲಾರರು. ಕುರಿಗಾರರ ಮನೆಯ ಮಕ್ಕಳು ನಮ್ಮ ಶಾಲೆಗಳಲ್ಲಿ ಅನೇಕರಿದ್ದಾರೆ. ಅವರ ಕಣ್ಣಿಗೆ ಶಾನ್‌ನ ಹಿಂಡು ಅರಳೆಯ ಮೂಟೆಗಳಂತೆ ಕಾಣುತ್ತದೆ. ಬಿಟ್ಜರ್ ಕುರಿಗಳನ್ನು ಅಟ್ಟುವುದು ಅವರಿಗೆ ವಿಚಿತ್ರ. ನಮ್ಮ ಕಡೆ ಹಿಂಡನ್ನು ನಡೆಸುವವನು ಮನುಷ್ಯ, ನಾಯಿ ಇರುವುದು ತೋಳ ಬಾರದಂತೆ ಕಾಯುವುದಕ್ಕೆ. ಇಂತಹ ಮನೆಯ ಒಬ್ಬ ಹುಡುಗ, ಮೂರು ಕಂತುಗಳನ್ನು ಎಲ್ಲರೊಡನೆ ನಕ್ಕು ನೋಡಿ, ನಾಲ್ಕನೆಯದರ ನಡುವೆ ಎದ್ದು ನಿಂತು ಕೇಳಿದನು: "ಸರ, ಈ ಕುರಿಗೋಳ್ನ ಸಂತಿಗಿ ಯಾವಾಗ ಒಯ್ತಾರ್ರಿ?" ತರಗತಿಯೆಲ್ಲ ನಕ್ಕಿತು, ಅವನು ನಗಲಿಲ್ಲ. ಅವನ ಮನೆಯ ಹಿಂಡಿನಲ್ಲಿಯೂ ಹೆಸರಿಟ್ಟು ಸಾಕಿದ ಮರಿಯೊಂದು ಇತ್ತೆಂದು ಆಮೇಲೆ ತಿಳಿಯಿತು. ಆ ಪ್ರಶ್ನೆಗೆ ನೂರೈವತ್ತು ಕಂತುಗಳಲ್ಲಿ ಎಲ್ಲಿಯೂ ಉತ್ತರವಿಲ್ಲ. ಉತ್ತರವಿರುವುದು ಮೂವತ್ತು ನಿಮಿಷದ ಹಳೆಯ ಚಿತ್ರದಲ್ಲಿ. ಅದನ್ನು ಅವನಿಗೆ ಮುಂದಿನ ಶನಿವಾರ ತೋರಿಸಿದೆನು.